ವಾಯಿದೆ ದಿನ ಅವ್ವನ ಜೊತೆ ಹೋಗಿ

ಕೊಡಗಿನ ಪೊನ್ನಂಪೇಟೆ ಕಡೆಯಿಂದ ಬಂದ ಪತ್ರವೊಂದು ಎರಡು ದಿನ ನನ್ನ ತಲೆ ತಿಂದಿದೆ. ಬರೆದವರಿಗೆ 36 ವರ್ಷ. ಬೆಂಗಳೂರಿನ ಕೆಲಸ ಬಿಟ್ಟು ಬಂದು, ತೋಟ ನೋಡಿಕೊಳ್ಳುತ್ತಾ ಸಿನಿಮಾಕ್ಕೆ ಚಿತ್ರಕಥೆ ಬರೆಯುತ್ತಾರೆ. ಬರೆದದ್ದೆಲ್ಲ ಕೋರ್ಟು, ಕೊಲೆ, ಮನೋವೈದ್ಯರು. ಮೂರು ಮುಗಿದಿವೆ, ಒಂದನ್ನೂ ಯಾರೂ ಕೊಂಡಿಲ್ಲ. ಮತ್ತೆ ಬೆಂಗಳೂರಿಗೆ ಹೋಗಲೋ, ತೋಟದಲ್ಲೇ ಇರಲೋ ಅನ್ನುವುದು ಪ್ರಶ್ನೆ.

ಅದು ಹಾಗಿರಲಿ. ಪತ್ರದ ಕೊನೆಗೆ ಹೀಗೆ ಗೊಣಗಿದ್ದೀರಿ: ‘ಚಿಕ್ಕಪ್ಪನ ಜೊತೆ ಬಾಣೆ ಜಾಗದ (ಗದ್ದೆಯ ಜೊತೆಗೆ ಬರುವ ಕಾಡು-ಹುಲ್ಲಿನ ಜಾಗ) ಕೇಸು 11 ವರ್ಷದಿಂದ ವಿರಾಜಪೇಟೆ ಕೋರ್ಟಲ್ಲಿದೆ. ವಾಯಿದೆ ದಿನ ಅವ್ವ ಬೆಳಿಗ್ಗೆಯೇ ಬಸ್ಸು ಹತ್ತುತ್ತಾರೆ. ಆಳುಗಳ ಕಾಫಿ ತಿಂಡಿ ನನ್ನ ತಲೆಗೆ. ಅವತ್ತು ಬರೆಯಲಿಕ್ಕಾಗುವುದಿಲ್ಲ.’

ಅಲ್ಲ ಮಾರಾಯ್ರೆ, ಕೋರ್ಟಿನ ಕಥೆ ಬರೆಯುವವರು ಮನೆಯಲ್ಲಿ, ಕೋರ್ಟಿಗೆ ಹೋಗುವವರು ಅವ್ವ!

ನೀವು ಕಳಿಸಿದ ದೃಶ್ಯ ಓದಿದೆ. ನ್ಯಾಯಾಧೀಶರು ಸುತ್ತಿಗೆ ಕುಟ್ಟುತ್ತಾರೆ. ನಮ್ಮ ಕೋರ್ಟುಗಳಲ್ಲಿ ಸುತ್ತಿಗೆ ಎಲ್ಲಿದೆ? ನಿಮ್ಮ ವಕೀಲರು 2025ರ ಕೊಲೆಗೆ ಹಳೇ ದಂಡ ಸಂಹಿತೆ ಐಪಿಸಿಯ ಸೆಕ್ಷನ್ 302 ಅನ್ನುತ್ತಾರೆ. 2024ರ ಜುಲೈ 1ರಿಂದ ಅದರ ಬದಲು ಭಾರತೀಯ ನ್ಯಾಯ ಸಂಹಿತೆ ಬಂದಿದೆ, ಕೊಲೆಯ ಶಿಕ್ಷೆಗೆ ಈಗ ಸೆಕ್ಷನ್ 103. ಇವೆಲ್ಲ ತಿದ್ದಬಹುದು ಬಿಡಿ. ಆದರೆ ಕ್ಲೈಮ್ಯಾಕ್ಸಲ್ಲಿ ಆರೋಪಿಗೆ ಬಲವಂತವಾಗಿ ನಾರ್ಕೋ ಇಂಜೆಕ್ಷನ್ (ಮಂಪರು ಬರಿಸಿ ಬಾಯಿ ಬಿಡಿಸುವ ಮದ್ದು) ಕೊಟ್ಟು ತಪ್ಪೊಪ್ಪಿಸಿ, ಅದರ ಮೇಲೇ ಶಿಕ್ಷೆ ಕೊಡಿಸುತ್ತೀರಿ. ಒಪ್ಪಿಗೆ ಇಲ್ಲದೆ ಆ ಪರೀಕ್ಷೆ ಮಾಡುವಂತಿಲ್ಲ ಅಂತ ಸುಪ್ರೀಂ ಕೋರ್ಟ್ 2010ರಲ್ಲೇ ಹೇಳಿದೆ, ಅದೂ ಕರ್ನಾಟಕ ಸರ್ಕಾರ ಎದುರು ಪಾರ್ಟಿಯಾಗಿದ್ದ ಕೇಸಲ್ಲಿ. ಒಪ್ಪಿ ಮಾಡಿಸಿಕೊಂಡರೂ ಅಲ್ಲಿ ಆಡಿದ ಮಾತೇ ಸಾಕ್ಷಿಯಾಗುವುದಿಲ್ಲ. ನಿಮ್ಮ ಕಥೆ ನಿಂತಿರುವುದೇ ಆ ಸೂಜಿಯ ಮೇಲೆ.

ಇದರಲ್ಲಿ ನಿಮ್ಮದಕ್ಕಿಂತ ನೀವು ಪತ್ರದಲ್ಲಿ ಹೇಳಿದ ಆ ಬೆಂಗಳೂರಿನ ಗೆಳೆಯನ ತಪ್ಪು ಜಾಸ್ತಿ. ‘ಇನ್ನೊಂದು ಟ್ವಿಸ್ಟ್ ಹಾಕು’ ಅಂತ ಮೂರು ವರ್ಷದಿಂದ ಕುಣಿಸುತ್ತಿದ್ದಾನೆ, ಕೈಯಿಂದ ಒಂದು ರೂಪಾಯಿ ಬಿಚ್ಚಿಲ್ಲ. ಪುಕ್ಕಟೆ ಸಲಹೆ ಕೊಡುವ ಗೆಳೆಯರನ್ನು ನಂಬಬೇಡಿ ಅಂತ ಇಲ್ಲಿ ಎಷ್ಟು ಸಲ ಬರೆದಿದ್ದೇನೋ. (ನನಗೆ ಪತ್ರಿಕೆ ಸಂಬಳ ಕೊಡುತ್ತದೆ, ಆ ಮಾತು ಬೇರೆ.)

ಅವ್ವನನ್ನು ನೆನೆದರೆ ಮಾತ್ರ ಹೊಟ್ಟೆ ಉರಿಯುತ್ತದೆ. ಬೆಳಿಗ್ಗೆಯಿಂದ ಕಾದು, ಜವಾನ ಹೆಸರು ಕೂಗಿ, ಎರಡೇ ನಿಮಿಷದಲ್ಲಿ ಇನ್ನೊಂದು ತಾರೀಕು ಕೈಗೆ ಬಂದಾಗ ಹೇಗಿರುತ್ತದೆ ಅಂತ ಅವರಿಗೆ ಗೊತ್ತು. ಎದುರು ಪಾರ್ಟಿ ಮೈದುನನೇ. ಹುತ್ತರಿ ಸುಗ್ಗಿ ಹಬ್ಬಕ್ಕೆ ಐನ್‌ಮನೆಯಲ್ಲಿ, ಅಂದರೆ ಕುಟುಂಬದ ಮೂಲ ಮನೆಯಲ್ಲಿ, ಅದೇ ಮೈದುನನ ಪಕ್ಕ ಕೂತು ಉಣ್ಣುವವರೂ ಅವರೇ. ಸೈಕಾಲಜಿಕಲ್ ಥ್ರಿಲ್ಲರ್ ಅಂದರೆ ಇದೇ ಅಲ್ವಾ?

ಹಾಗಾಗಿ ಒಂದೇ ಕೆಲಸ ಹೇಳುತ್ತೇನೆ. ಮುಂದಿನ ವಾಯಿದೆಗೆ ನೀವೂ ಹೋಗಿ. ಅವ್ವನ ಕೈಯಿಂದ ಕೇಸಿನ ಕಾಗದಗಳ ಚೀಲ ತೆಗೆದುಕೊಂಡು ಹಿಂದಿನ ಬೆಂಚಲ್ಲಿ ಸುಮ್ನೆ ಕೂರಿ. ನೋಟ್‌ಬುಕ್ ಬೇಡ. ಆಳುಗಳ ತಿಂಡಿಗೆ ಹಿಂದಿನ ರಾತ್ರಿಯೇ ಹಿಟ್ಟು ರುಬ್ಬಿಟ್ಟು, ಪಕ್ಕದ ಮನೆಯವರಿಗೆ ಹೇಳಿ ಬನ್ನಿ. ಬೆಂಗಳೂರಿನ ವಿಷಯ ಆಮೇಲೆ ಬರೆಯಿರಿ.