ಮನೆದೇವ್ರು ಯಾವುದು ಅಂತ ಕೇಳಿನೋಡಿ

ಮದ್ದೂರು ತಾಲ್ಲೂಕಿನಲ್ಲಿ ಆಲೆಮನೆ ನಡೆಸುವ ಓದುಗರೊಬ್ಬರ ಪತ್ರದ ಸಾರ ಇದು: "ನಮ್ಮಲ್ಲಿ ಜಾರ್ಖಂಡದ ಗುಮ್ಲಾ ಕಡೆಯ ನಾಲ್ವರು ಹುಡುಗರಿದ್ದಾರೆ. ಜಾತಿ ಉರಾಂವ್ ಅನ್ನುತ್ತಾರೆ. ವರ್ಷತೊಡಕಿನ ಮಾರನೆಯ ದಿನ ರಜ ಕೇಳಿದರು. ಬೇಲಿಸಾಲಿನ ಹೊಂಗೆ ಮರದ ಬುಡ ಸಾರಿಸಿ, ಹೊಸ ಮಡಕೆಯಲ್ಲಿ ನೀರಿಟ್ಟು, ಕೋಳಿ ಕುಯ್ದು, ಹೊಂಗೆ ಹೂವನ್ನು ಕಿವಿಗೆ ಸಿಕ್ಕಿಸಿಕೊಂಡು ಕುಣಿದರು. ಸರ್ಹುಲ್ ಹಬ್ಬವಂತೆ. ಪಕ್ಕದ ಜಮೀನಿನವರು 'ಇದ್ಯಾವ ಧರ್ಮ' ಎಂದು ತಗಾದೆ ತೆಗೆದರು. ನೀವು ಹಿಂದೊಮ್ಮೆ ಇಂಥವರನ್ನು 'ಪ್ರಕೃತಿ ಆರಾಧಕರು' ಎಂದು ಬರೆದಿದ್ದಿರಿ. ಅವರ ಮರ ಬೇರೆಯಂತೆ, ಇಲ್ಲಿ ಸಿಗುವುದಿಲ್ಲವಂತೆ. ಮರ ಬದಲಾದರೆ ದೇವರೂ ಬದಲಾದ ಹಾಗಲ್ಲವೇ? ಊರೇ ಬಿಟ್ಟ ಮೇಲೆ ಊರದೇವರ ಲೆಕ್ಕ ಏನು? ಜನಗಣತಿಯವರು ಬಂದರೆ ಇವರ ಧರ್ಮ ಏನಂತ ಬರೆಸಲಿ?"

ಪ್ರಿಯರೆ,

ಮೊದಲು ನಮ್ಮ ತಪ್ಪು ಒಪ್ಪಿಕೊಂಡುಬಿಡುತ್ತೇನೆ. 'ಪ್ರಕೃತಿ ಆರಾಧಕರು' ಎಂಬುದು ಸೋಮಾರಿ ಮಾತು. ಚಾಮುಂಡಿಬೆಟ್ಟ ಹತ್ತುವ ನಮ್ಮನ್ನು ಯಾರಾದರೂ 'ಬಂಡೆ ಆರಾಧಕರು' ಅಂದರೆ ಕೇಳಿಕೊಂಡು ಸುಮ್ಮನಿರುತ್ತೇವೆಯೇ? ನಿಮ್ಮ ಹುಡುಗರು ಪೂಜಿಸಿದ್ದು ಮರವನ್ನಲ್ಲ. ಅವರ ದೊಡ್ಡ ದೇವರು ಧರ್ಮೇಸ್, ಎಲ್ಲವನ್ನೂ ಹುಟ್ಟಿಸಿದವನು. ಊರ ಪಕ್ಕದಲ್ಲಿ ಕೊಡಲಿ ಹಾಕದೆ ಉಳಿಸಿಕೊಂಡ ಸಾಲ ಮರಗಳ ತೋಪು ಸರ್ನಾ. ಅಲ್ಲಿ ಊರು ಕಾಯುವ ತಾಯಿ ಚಾಲಾ ಪಚ್ಚೊ ಇರುತ್ತಾಳೆ. ಹೆಸರಿನ ಅರ್ಥ 'ತೋಪಿನ ಮುದುಕಿ'. ನಮ್ಮ ಊರಬಾಗಿಲ ಮಾರಮ್ಮನ ಓರಗೆಯವಳು ಅಂದುಕೊಳ್ಳಿ. ಸರ್ಹುಲ್ ಬರುವುದು ಚೈತ್ರ ಶುದ್ಧ ತದಿಗೆಗೆ, ಸಾಲ ಮರ ಹೂಬಿಟ್ಟಾಗ. ಅಂದು ಭೂಮಿಗೂ ಸೂರ್ಯನಿಗೂ ಮದುವೆ. ಊರ ಪೂಜಾರಿಗೆ ಪಾಹನ್ ಅನ್ನುತ್ತಾರೆ. ಅವನು ಮಡಕೆಯಲ್ಲಿ ನೀರಿಟ್ಟು ಬಂದು, ಬೆಳಗ್ಗೆ ಅದರ ಮಟ್ಟ ನೋಡಿ ಆ ವರ್ಷದ ಮಳೆ ಹೇಳುತ್ತಾನೆ. ಯುಗಾದಿಗೆ ಹೊನ್ನಾರು ಹೂಡುವ ಮಂಡ್ಯದವರಿಗೆ ಇದನ್ನು ಬಿಡಿಸಿ ಹೇಳಬೇಕೆ? ಕೋಳಿಗೆ ತಗಾದೆ ತೆಗೆದ ನಿಮ್ಮ ನೆರೆಯವರು ಹಿಂದಿನ ದಿನವಷ್ಟೇ ವರ್ಷತೊಡಕಿನ ಗುಡ್ಡೆಮಾಂಸ ಹಂಚಿಕೊಂಡಿರುತ್ತಾರೆ ಎಂಬುದನ್ನು ನಾನು ಹೇಳಬಾರದು, ಆದರೂ ಹೇಳಿದ್ದೇನೆ.

ನಿಮಗೆ ಇನ್ನೊಂದು ವಿಷಯ ಗೊತ್ತಿರಲಾರದು. ಆ ಹುಡುಗರು ತಮ್ಮೊಳಗೆ ಆಡುವ ಮಾತು ಹಿಂದಿಯಲ್ಲ, ಕುಡುಖ್ ಇರಬೇಕು. ಕಿವಿಗೊಟ್ಟು ಕೇಳಿ. ಕಣ್ಣಿಗೆ 'ಖನ್ನ್', ಬಾಯಿಗೆ 'ಬಯ್', ಹಲ್ಲಿಗೆ 'ಪಲ್ಲ್' (ಹಳಗನ್ನಡದಲ್ಲಿ ನಾವೂ ಪಲ್ ಅನ್ನುತ್ತಿದ್ದೆವು), ನೀನು ಎಂಬುದಕ್ಕೆ 'ನೀನ್'. ಅದು ಕನ್ನಡದ ಮನೆತನದ್ದೇ ನುಡಿ, ದ್ರಾವಿಡ. ತಮ್ಮ ಹಿರಿಯರು ಕರ್ನಾಟ ಸೀಮೆಯಿಂದ ಹೊರಟು, ನರ್ಮದೆಯ ಗುಂಟ ಸಾಗಿ, ಸೋನ್ ನದಿಯ ದಡಕ್ಕೆ ಹೋದರು ಎಂಬ ಐತಿಹ್ಯ ಅವರಲ್ಲಿದೆ. ಬ್ರಿಟಿಷರ ಕಾಲದ ಭಾಷಾತಜ್ಞ ಗ್ರಿಯರ್ಸನ್ ತಮ್ಮ ಭಾರತದ ಭಾಷಾ ಸಮೀಕ್ಷೆಯಲ್ಲಿ ಅದನ್ನು ಬರೆದಿಟ್ಟಿದ್ದಾರೆ. ಇದನ್ನು ಚರಿತ್ರೆ ಎಂದು ನಾನು ಹೇಳುತ್ತಿಲ್ಲ. ಆದರೆ ಹೊರಗಿನವರು ಎಂದು ಕೂಗಾಡಿದ ನೆರೆಯವರ ಕಿವಿಗೆ ಒಮ್ಮೆ ಹಾಕಿ.

ಈಗ ಮರದ ಪ್ರಶ್ನೆ. ಸಾಲ ಮರ ನಮ್ಮ ಕಾಡುಗಳದ್ದಲ್ಲ. ಅದಿಲ್ಲದ ಊರಿನಲ್ಲಿ, ಅದೇ ವಾರ ಹೂವಾಗುವ ಮರ ಯಾವುದೆಂದು ನೋಡಿ ಹೊಂಗೆಯನ್ನು ಹುಡುಕಿದ್ದಾರಲ್ಲ, ಅದು ತಿಳಿದವರ ಕೆಲಸ. ಜಗತ್ತಿನಲ್ಲಿ ಹೀಗೆ ಮಾಡಿದವರು ಅವರೊಬ್ಬರೇ ಅಲ್ಲ. ಗುಲಾಮರಾಗಿ ಹಡಗು ಹತ್ತಿದ ಆಫ್ರಿಕಾದ ಯೊರುಬಾ ಜನಕ್ಕೆ ಇರೊಕೊ ಎಂಬ ಮರದಲ್ಲಿ ದೇವರು. ಕ್ಯೂಬಾದಲ್ಲಿ ಆ ಮರವಿಲ್ಲ. ಅಲ್ಲಿ ಸೈಬಾ ಮರಕ್ಕೆ ಇರೊಕೊನ ಸ್ಥಾನ ಕೊಟ್ಟರು. ಸೈಬಾ ಅಂದರೆ ನಮ್ಮ ಬಿಳಿ ಬೂರುಗ. ಶಾಂಗೊ, ಓಗುನ್ ಮುಂತಾದ ದೇವರುಗಳು ಕಬ್ಬಿನ ತೋಟದ ಕೂಲಿಗಳ ಜೊತೆಗೇ ಬದುಕಿದರು, ಮಾಲೀಕರ ಕಣ್ಣಿಗೆ ಕ್ರೈಸ್ತ ಸಂತರ ಹೆಸರು ಹೊತ್ತು. ಉರಾಂವರದೇ ದಾರಿ ನೋಡಿ. ಹತ್ತೊಂಬತ್ತನೆಯ ಶತಮಾನದಲ್ಲಿ ಅವರನ್ನು ಅಸ್ಸಾಂ, ಉತ್ತರ ಬಂಗಾಳದ ಚಹಾ ತೋಟಗಳಿಗೆ ಸಾಗಿಸಿದರು. ಎಷ್ಟೋ ಮನೆಗಳಲ್ಲಿ ಕುಡುಖ್ ನುಡಿ ಹೋಯಿತು, ತೋಟದ ಕೂಲಿಗಳೆಲ್ಲರ ಬಳಕೆಯ ಸಾದ್ರಿ ನುಡಿ ಬಂತು. ಅಸ್ಸಾಮಿನಲ್ಲಿ ಪರಿಶಿಷ್ಟ ಪಂಗಡದ ಪಟ್ಟಿಯಲ್ಲೂ ಜಾಗ ಸಿಗಲಿಲ್ಲ. ಮರದ ಕೊಂಬೆ ನೆಟ್ಟು ಸುತ್ತ ಕುಣಿಯುವ ಕರಮ್ ಹಬ್ಬ ಮಾತ್ರ ಹೋಗಲಿಲ್ಲ.

ಹಾಗೆಂದು ಎಲ್ಲ ದೇವರೂ ಗಂಟುಮೂಟೆಯೊಂದಿಗೆ ಬರುತ್ತವೆ ಎಂದುಕೊಂಡರೆ ಮೋಸ ಹೋಗುತ್ತೀರಿ. ನಾಗರಹೊಳೆಯ ಜೇನು ಕುರುಬರನ್ನು ಕಾಡಿನಿಂದೆಬ್ಬಿಸಿ ಹುಣಸೂರು ಕಡೆಯ ಪುನರ್ವಸತಿ ಕೇಂದ್ರಗಳಿಗೆ ತಂದರು. ಮನೆ ಕೊಟ್ಟರು, ಜಮೀನು ಕೊಟ್ಟರು. ಹಿರಿಯರ ಗೋರಿ, ದೇವರ ಬನ ಒಳಗೇ ಉಳಿದವು. 2025ರ ಮೇ ತಿಂಗಳಲ್ಲಿ ಸುಮಾರು 50 ಕುಟುಂಬಗಳು ಹಳೆಯ ಹಾಡಿಗೆ ಮರಳಿ ಗುಡಿಸಲು ಹಾಕಿದಾಗ, ಆ ಜಾಗದ ಮಾತೂ ಅವರ ಬಾಯಲ್ಲಿತ್ತು. ಅವರು ಹೋದದ್ದು ಎಷ್ಟು ದೂರ? ಬಸ್ಸಿನಲ್ಲಿ ಕೆಲವು ತಾಸು. ಗುಮ್ಲಾದಿಂದ ಮದ್ದೂರಿಗೆ ಎರಡು ದಿನದ ರೈಲು. ಆದರೂ ನನಗನ್ನಿಸುವುದು, ಹೆಚ್ಚು ಕಳೆದುಕೊಂಡವರು ಹತ್ತಿರದವರೇ. ನಿಮ್ಮ ಹುಡುಗರ ತೋಪು ಊರಿನಲ್ಲಿ ಹಾಗೇ ಇದೆ. ಪಾಹನ್ ಇದ್ದಾನೆ. ಇವರು ಇಲ್ಲಿ ಮಾಡಿದ್ದು ದೂರದಿಂದ ಕೈಮುಗಿದ ಹಾಗೆ. ಜೇನು ಕುರುಬರಿಗೆ ಕೈಮುಗಿಯುವ ದಿಕ್ಕಿಗೇ ಗೇಟು ಹಾಕಲಾಯಿತು.

ಇದನ್ನೆಲ್ಲ ಅರ್ಥಮಾಡಿಕೊಳ್ಳಲು ನಮ್ಮ ಸೀಮೆಯವರಿಗೆ 'ಧರ್ಮ' ಎಂಬ ಪದಕ್ಕಿಂತ ಒಳ್ಳೆಯ ಪದ ಕೈಯಲ್ಲೇ ಇದೆ: ಒಕ್ಕಲು, ಅಂದರೆ ಒಂದು ದೇವರಿಗೆ ನಡೆದುಕೊಳ್ಳುವ ಮನೆತನ. ಹೆಣ್ಣು ನೋಡಲು ಹೋದಾಗ ನಾವು ಕೇಳುವುದು "ನಿಮ್ಮ ಮನೆದೇವ್ರು ಯಾವ್ದು" ಅಂತ. ಮಾದಪ್ಪನ ಒಕ್ಕಲು, ಸಿದ್ದಪ್ಪಾಜಿ ಒಕ್ಕಲು, ಮುತ್ತತ್ತಿರಾಯನ ಒಕ್ಕಲು. ಬೆಂಗಳೂರಿನಲ್ಲಿ ಮೂರು ತಲೆಮಾರು ಕಳೆದವರೂ ಮಗುವಿನ ಮುಡಿ ತೆಗೆಸಲು ಏಳುಮಲೆಗೋ ಚಿಕ್ಕಲ್ಲೂರಿಗೋ ಕಾರು ಹತ್ತುತ್ತಾರೆ. ಕೃಷ್ಣರಾಜಸಾಗರದ ನೀರು ಏರಿ ಕನ್ನಂಬಾಡಿ ಮುಳುಗಿದಾಗ ಊರು ಎದ್ದುಹೋಯಿತು. ವೇಣುಗೋಪಾಲಸ್ವಾಮಿಯ ಗುಡಿ ಎಷ್ಟೋ ವರ್ಷ ನೀರಿನಡಿಯಲ್ಲಿದ್ದು, ಕೊನೆಗೆ ಕಲ್ಲುಕಲ್ಲಾಗಿ ಬಿಚ್ಚಿ ಹೊಸ ಕನ್ನಂಬಾಡಿಯಲ್ಲಿ ಎದ್ದುನಿಂತಿತು. ಆ ದೇವರನ್ನು ಯಾರೂ 'ಬದಲಾದವನು' ಅನ್ನಲಿಲ್ಲವಲ್ಲ. ನಿಮ್ಮ ಹುಡುಗರನ್ನು "ಯಾವ ಧರ್ಮ" ಎಂದು ಕೇಳಿದರೆ ಹೆದರಿ ಏನೋ ಒಂದು ಹೇಳುತ್ತಾರೆ. ಯಾರ ಒಕ್ಕಲು ಎಂದು ಕೇಳಿ, ಅರ್ಧ ರಾತ್ರಿಯವರೆಗೂ ಹೇಳುತ್ತಾರೆ.

ಜನಗಣತಿ ಹಾಗೆ ಕೇಳುವುದಿಲ್ಲ, ಅದೇ ತೊಡಕು. ಬ್ರಿಟಿಷರು 1901ರಿಂದ 1921ರವರೆಗೆ ಇವರನ್ನು 'ಅನಿಮಿಸ್ಟ್' (ಮರ, ಕಲ್ಲುಗಳಲ್ಲೂ ಜೀವವಿದೆ ಎಂದು ನಂಬುವವರು) ಎಂಬ ಕಲಂನಲ್ಲಿ ಎಣಿಸಿದರು, 1931ರಲ್ಲಿ 'ಬುಡಕಟ್ಟು ಧರ್ಮ' ಎಂದರು. ಸ್ವಾತಂತ್ರ್ಯದ ನಂತರ ಆ ಕಲಂ ಹೋಯಿತು. ಆರು ಧರ್ಮಗಳಿಗೆ ಗಣತಿಯ ನಮೂನೆಯಲ್ಲಿ ತಮ್ಮದೇ ಸಂಕೇತ ಸಂಖ್ಯೆ ಇದೆ, ಮಿಕ್ಕವರು 'ಇತರೆ'. ಆ 'ಇತರೆ'ಯಲ್ಲೇ 2011ರಲ್ಲಿ 49 ಲಕ್ಷಕ್ಕೂ ಹೆಚ್ಚು ಜನ ಆ ತೋಪಿನ ಹೆಸರನ್ನೇ ಹಿಡಿದು ತಮ್ಮ ಧರ್ಮ ಸರ್ನಾ ಎಂದು ಹೇಳಿ ಬರೆಸಿದರು. ಜೈನರು 44 ಲಕ್ಷ. ಅವರಿಗೆ ಸಂಖ್ಯೆ ಇದೆ. ಸರ್ನಾಗೆ ಪ್ರತ್ಯೇಕ ಕಲಂ ಬೇಕೆಂದು 2020ರ ನವೆಂಬರ್ 11ರಂದು ಜಾರ್ಖಂಡ ವಿಧಾನಸಭೆ ನಿರ್ಣಯವನ್ನೂ ಮಾಡಿತು. ಇವರು ಹಿಂದೂಗಳೇ ಎಂದು ವಾದಿಸುವವರಿದ್ದಾರೆ, ಉರಾಂವರಲ್ಲಿ ಕ್ರೈಸ್ತರೂ ಬಹಳ. 1914ರಲ್ಲಿ ಜತ್ರಾ ಉರಾಂವ್ ಕೋಳಿ, ಹೆಂಡ ಎಲ್ಲವನ್ನೂ ಬಿಡಿಸಿ ತಾನಾ ಭಗತ್ ಪಂಥ ಕಟ್ಟಿದ. ನಿಮ್ಮ ನಾಲ್ವರಲ್ಲೇ ನಾಲ್ಕು ಉತ್ತರ ಬರಬಹುದು. ಆದ್ದರಿಂದ ನೀವು ಏನೂ ಬರೆಸಬೇಡಿ. 2027ರ ಫೆಬ್ರುವರಿಯಲ್ಲಿ ಎಣಿಸುವವರು ಬಂದಾಗ ಹುಡುಗರನ್ನೇ ಮುಂದೆ ಕೂರಿಸಿ. ಆಲೆಮನೆ ಯಜಮಾನರು ಬೆಲ್ಲದ ತೂಕ ಬರೆಸಿದರೆ ಸಾಕು.

ಒಂದು ಕಿವಿಮಾತು. ಭಾದ್ರಪದ ಶುದ್ಧ ಏಕಾದಶಿಗೆ ಅವರದು ಕರಮ್ ಹಬ್ಬ. ಕೊಂಬೆಯೊಂದನ್ನು ತಂದು ಅಂಗಳದಲ್ಲಿ ನೆಟ್ಟು ರಾತ್ರಿಯಿಡೀ ಅದರ ಸುತ್ತ ಕುಣಿದು, ಬೆಳಗ್ಗೆ ನೀರಿಗೆ ಬಿಡುತ್ತಾರೆ. ಹೊತ್ತಿಗೆ ಸರಿಯಾಗಿ ನಿಮ್ಮ ನಾಲೆಯಲ್ಲಿ ನೀರಿರುತ್ತದೆ. ಆದರೆ ಮಾರನೆಯ ದಿನ ಒಬ್ಬನೂ ಗಾಣದ ಹತ್ತಿರ ಸುಳಿಯುವುದಿಲ್ಲ, ಹಾಗಾಗಿ ಕಬ್ಬು ಕಡಿಸುವುದನ್ನು ಎರಡು ದಿನ ಮುಂದಕ್ಕೆ ಹಾಕಿಕೊಳ್ಳಿ.

— ಸಂಪಾದಕ, ಮೈಸೂರು