ಸತ್ಯ ಹಲವಾದರೆ ಸುಳ್ಳು ಯಾವುದು?

‘ಸತ್ಯ ಒಂದಲ್ಲ, ಹಲವು’ ಅಂತ ನಂಬುವ ಪಂಥ ನಿಮ್ಮ ಕಾದಂಬರಿಯ ಲೋಕದಲ್ಲಿದೆ. ಅಲ್ಲಿ ಸುಳ್ಳುಗಾರನನ್ನು ಹಿಡಿಯುವುದು ಹೇಗೆ ಅಂತ ಕೇಳಿದ್ದೀರಿ. ಒಳ್ಳೇ ತಲೆನೋವು!

ನಾನು ಮಂಡ್ಯದವನು, ನನಗೆ ಹೊಳೆಯುವುದು ನೀರಿನ ಉದಾಹರಣೆಯೇ. ಕೆಆರ್‌ಎಸ್ ತುಂಬಿದರೆ 124.80 ಅಡಿ. ಮಟ್ಟ 95ಕ್ಕೆ ಇಳಿದಿದೆ ಅಂದುಕೊಳ್ಳಿ. ವಿಶ್ವೇಶ್ವರಯ್ಯ ನಾಲೆಯ ಮೇಲ್ಭಾಗದವರು ‘ನೀರು ಬರ್ತಾ ಇದೆ’ ಅಂತಾರೆ. ಕೊನೆ ಭಾಗದ ಮದ್ದೂರು, ಮಳವಳ್ಳಿ ಕಡೆಯವರು ‘ಎಲ್ಲಿ ಸ್ವಾಮಿ ನೀರು?’ ಅಂತಾರೆ. ಇಬ್ಬರದೂ ನಿಜ ಅಲ್ವಾ? ಆದರೆ ‘ಕಟ್ಟೆಯಲ್ಲಿ 140 ಅಡಿ ಇದೆ’ ಅಂದವನದು ಸುಮ್ನೆ ಬುರುಡೆ. ಯಾವ ಜಾಗದಲ್ಲಿ ನಿಂತರೂ ಅದು ಕಾಣುವುದಿಲ್ಲ. ನಿಮ್ಮ ಪಂಥಕ್ಕೂ ಇದೇ ಅಳತೆ ಇಟ್ಟುಕೊಳ್ಳಿ: ‘ಎಲ್ಲಿ ನಿಂತು ನೋಡಿದೆ, ತೋರಿಸು.’

ಜೈನರ ಅನೇಕಾಂತವಾದವನ್ನು ಮಾತ್ರ ಹಾಗೇ ಎತ್ತಿಕೊಳ್ಳಬೇಡಿ. ಅಲ್ಲಿ ವಸ್ತು ಒಂದೇ, ಮುಖಗಳು ಹಲವು. ಅದಕ್ಕೇ ಮಾತಿಗೆ ‘ಸ್ಯಾತ್’, ಅಂದರೆ ‘ಒಂದು ದೃಷ್ಟಿಯಲ್ಲಿ’ ಅಂತ ಸೇರಿಸಿ ಏಳು ಬಗೆಯಲ್ಲಿ ಹೇಳುತ್ತಾರೆ. ನಿಮ್ಮಲ್ಲಿ ಸತ್ಯವೇ ಹಲವು. ಓದುಗರು ಎರಡನ್ನೂ ಕಲಸಿಬಿಡುತ್ತಾರೆ. (ಬಿಡುವಾದರೆ ನಾಗಮಂಗಲ ತಾಲ್ಲೂಕಿನ ಕಂಬದಹಳ್ಳಿ ಬಸದಿಗಳಿಗೆ ಹೋಗಿಬನ್ನಿ. ಬರೆಯುವವರಿಗೆ ಒಳ್ಳೇ ಜಾಗ.)

ಇನ್ನು ಆ ಲೋಕದ ಭಾಷೆ. ನಮ್ಮ ‘ಅಂತೆ’ ಇದೆಯಲ್ಲ, ಅದನ್ನು ಬಳಸಿ. ‘ಮಳೆ ಬಂತು’ ಬೇರೆ, ‘ಮಳೆ ಬಂತಂತೆ’ ಬೇರೆ. ಕೇಳಿದ್ದನ್ನು ‘ಅಂತೆ’ ಬಿಟ್ಟು ಹೇಳಿದವನಿಗೆ ಅಲ್ಲಿನ ಪಂಚಾಯ್ತಿ ದಂಡ ಹಾಕಲಿ. ಜಗಳಗಳು ತಾವಾಗೇ ಹುಟ್ಟುತ್ತವೆ.