ಬೈತಲೆ ಸೊಟ್ಟ ಇದ್ದರೆ ಏನಂತೆ?

ಬಾಳೆಹೊನ್ನೂರಿನ ಓದುಗರೊಬ್ಬರ ಪತ್ರ: ‘ನಾನು ಕಾಫಿ ತೋಟದಲ್ಲಿ ರೈಟರ್, ಆಳುಗಳ ಲೆಕ್ಕ ನೋಡಿಕೊಳ್ಳುವವನು. ಹೆಂಡತಿ ತೀರಿಕೊಂಡು ಎರಡು ವರ್ಷವಾಯಿತು. ಮಗಳಿಗೆ ಆರು. ಅರಸೀಕೆರೆಯ ಅತ್ತೆ, ಮಗುವನ್ನು ತಮ್ಮ ಹತ್ತಿರ ಬಿಡು ಅನ್ನುತ್ತಾರೆ. ಗಂಡಸಾದ ನನ್ನಿಂದ ಹೆಣ್ಣುಮಗು ಸಾಕಲು ಆಗುತ್ತಾ? ನಾನು ಜಡೆ ಹಾಕಿದರೆ ಬೈತಲೆಯೇ ಸೊಟ್ಟ.’

ಸೊಟ್ಟ ಇರಲಿ ಬಿಡಿ ಸ್ವಾಮಿ. ಮಗಳನ್ನು ಕಳಿಸಬೇಡಿ.

ಅತ್ತೆಯವರದು ತಪ್ಪಲ್ಲ. ಮಗಳನ್ನು ಕಳೆದುಕೊಂಡ ಜೀವ ಅದು. ಬೇಸಿಗೆ ರಜೆ, ದಸರಾ ರಜೆ ಅವರಿಗೇ ಕೊಡಿ. ಆದರೆ ಅಮ್ಮನನ್ನು ಕಳೆದುಕೊಂಡ ಮಗು ಈಗ ಅಪ್ಪ, ಮನೆ, ಶಾಲೆ ಎಲ್ಲವನ್ನೂ ಬಿಡಬೇಕೇ? ಅದೂ ಒಂದು ಜಡೆಗೋಸ್ಕರ?

ನಿಮ್ಮ ಮೇಲೂ ಸ್ವಲ್ಪ ಸಿಟ್ಟಿದೆ. ‘ಗಂಡಸಾದ ನನ್ನಿಂದ’ ಅಂತ ಯಾಕೆ ಬರೆದಿರಿ? ಅವಳು ಅಕ್ಕಿರೊಟ್ಟಿಯ ಅಂಚು ತಿನ್ನಲ್ಲ, ಗುಡುಗಿದರೆ ನಿಮ್ಮ ಅಂಗಿ ಹಿಡಿದೇ ಮಲಗ್ತಾಳೆ ಅಂತ ಬರೆದವರೂ ನೀವೇ ಅಲ್ವಾ? ಇಷ್ಟು ಗೊತ್ತಿರುವವರಿಗೆ ಬೈತಲೆ ತೆಗೆಯೋದು ದೊಡ್ಡ ವಿದ್ಯೆಯಲ್ಲ. ಬೇಲೂರಿನ ನಮ್ಮ ಪರಿಚಯದ ಟೈಲರ್ ಒಬ್ಬರು ಮಗಳನ್ನು ಮೆಷಿನ್ ಪಕ್ಕ ಕೂರಿಸಿಕೊಂಡೇ ಬೆಳೆಸಿದರು. ಅವಳು ದೊಡ್ಡವಳಾಗುವ ಹೊತ್ತಿಗೆ ಪಕ್ಕದ ಮನೆಯ ನರ್ಸಮ್ಮನನ್ನು ಕೇಳಿ ಎಲ್ಲ ತಿಳಿದುಕೊಂಡರು. ಪ್ಯಾಡ್ ತರಲು ಮೆಡಿಕಲ್ ಶಾಪಿಗೆ ತಾವೇ ಹೋದರು. ಅಂಗಡಿಯವನು ಪೇಪರ್‌ನಲ್ಲಿ ಸುತ್ತಲು ಹೋದಾಗ, ‘ಸುಮ್ನೆ ಹಾಗೇ ಕೊಡಪ್ಪ’ ಅಂದರಂತೆ.

ಶಕುಂತಲೆಯನ್ನು ಸಾಕಿದ್ದು ಕಣ್ವ ಋಷಿ. ಅವಳು ಗಂಡನ ಮನೆಗೆ ಹೊರಟಾಗ ಆ ಮುನಿಯ ಗಂಟಲು ಕಟ್ಟಿತು ಅಂತ ಕೇಳಿ ನಾವೆಲ್ಲ ಕಣ್ಣೊರೆಸಿಕೊಳ್ಳುತ್ತೇವೆ. ಇವತ್ತಾಗಿದ್ದರೆ ಕಣ್ವನಿಗೆ ಶಕುಂತಲೆಯನ್ನು ದತ್ತು ಕೊಡುತ್ತಿರಲಿಲ್ಲ. 2015ರ ಬಾಲನ್ಯಾಯ ಕಾಯ್ದೆಯ 57ನೇ ಸೆಕ್ಷನ್ ಪ್ರಕಾರ ಒಂಟಿ ಗಂಡಸು ಹೆಣ್ಣುಮಗುವನ್ನು ದತ್ತು ಪಡೆಯುವಂತಿಲ್ಲ. ಮಗುವಿನ ಕ್ಷೇಮಕ್ಕೆ ಅನ್ನುತ್ತಾರೆ, ಆ ಭಯ ಪೂರ್ತಿ ಸುಳ್ಳೂ ಅಲ್ಲ. ಆದರೆ ಅದೇ ಅನುಮಾನ ಹೆತ್ತ ಅಪ್ಪನ ಬೆನ್ನಿಗೂ ಅಂಟಿಕೊಂಡಿದೆಯಲ್ಲ, ನನ್ನ ಹೊಟ್ಟೆಯುರಿ ಅದಕ್ಕೆ.

ಮಕ್ಕಳ ಪಾಲನೆಗೆಂದು ಕೇಂದ್ರ ಸರ್ಕಾರ ತನ್ನ ನೌಕರರಿಗೆ ಕೊಡುವ 730 ದಿನಗಳ ರಜೆ ಅಲ್ಲಿನ ಒಂಟಿ ಅಪ್ಪಂದಿರಿಗೆ ಸಿಕ್ಕಿದ್ದೇ 2018ರ ಕೊನೆಯಲ್ಲಿ. ತೋಟದ ರೈಟರ್‌ಗೆ ಅದೂ ಇಲ್ಲ. ಕೊಯ್ಲಿನ ಹೊತ್ತಲ್ಲಿ ಮಗುವಿಗೆ ಜ್ವರ ಬಂದರೆ ಸಾಹುಕಾರರ ಮುಖ ನೋಡಬೇಕು. ಶಾಲೆಯ ವಾಟ್ಸ್ಆ್ಯಪ್ ಗುಂಪಿಗೆ ‘ಅಮ್ಮಂದಿರು’ ಅಂತ ಹೆಸರಿದೆ, ನನ್ನನ್ನು ಸೇರಿಸಿಲ್ಲ ಅಂದಿದ್ದೀರಿ. ನಾಳೆಯೇ ಟೀಚರ್ ಹತ್ತಿರ ಹೋಗಿ ನಿಮ್ಮ ನಂಬರ್ ಕೊಡಿ. ಗುಂಪಿನ ಹೆಸರು ಏನು ಮಾಡಬೇಕು ಅನ್ನೋ ಚಿಂತೆ ಅವರಿಗಿರಲಿ.